ಟೈಪಿಂಗ್ ಮಾಸ್ತರು ಎದ್ದು ನಿಂತ ದಿನ

ಕಮಲಾಪುರದ ಕೆಂಬಾಳೆ ಹಣ್ಣಾದರೆ ಅದನ್ನು ಬಚ್ಚಿಡಲಿಕ್ಕೆ ಬರುವುದಿಲ್ಲ. ಚೀಲದಲ್ಲಿ ಕಟ್ಟಿಡಿ, ಡಬ್ಬಿಯಲ್ಲಿ ಮುಚ್ಚಿಡಿ, ಆ ಸಿಹಿ ವಾಸನೆ ಮನೆ ತುಂಬ ಹೋಗಿ ಕೂತುಬಿಡುತ್ತದೆ. ಹೋದ ತಿಂಗಳು ಒಂದು ರವಿವಾರ ಮಧ್ಯಾಹ್ನ, ಕಲಬುರಗಿಯ ನಮ್ಮ ಮನೆಯ ಮಹಡಿಯ ಮೇಲೆ ಬಾಡಿಗೆಗಿರುವ ಕೇರಳದ ನರ್ಸ್ ಹುಡುಗಿ ಸ್ಟೇಶನ್ ಬಜಾರದಿಂದ ಒಂದು ಚಿಪ್ಪು ಕೆಂಬಾಳೆ ತಂದು ನನ್ನ ಮುಂದಿಟ್ಟಳು. "ಟೀಚರ್, ನಿಮ್ಮ ಊರು ಹಣ್ಣು" ಅಂದಳು. ಆಕೆಯ ಕನ್ನಡ ಇನ್ನೂ ಅಂಬೆಗಾಲಿಡುತ್ತದೆ. ನನಗೋ ಒಂದು ಅಕ್ಷರ ಮಲಯಾಳಂ ಬಾರದು. ಆದರೂ ರಜೆಯ ದಿನ ನಾವಿಬ್ಬರೂ ಜೊತೆಗೆ ಕೂತು ಉಣ್ಣುತ್ತೇವೆ. ಆಕೆಗೂ ಇಲ್ಲಿ ಯಾರಿಲ್ಲ, ನನಗೂ ಯಾರಿಲ್ಲ.

ಅಂದು ಮೊಬೈಲನ್ನು ನೀರಿನ ತಂಬಿಗೆಗೆ ಆನಿಸಿಟ್ಟು ಒಂದು ಮಲಯಾಳಂ ಸಿನಿಮಾ ಹಚ್ಚಿದಳು. ಅದರಲ್ಲಿ ಒಂದು ಮನೆ, ಒಂದು ಹೆಣ್ಣು ನೋಡುವ ಕಾರ್ಯಕ್ರಮ. ಹುಡುಗನ ಒಂದು ಕೈಯಲ್ಲಿ ಬಲವಿಲ್ಲ, ಶಾಲು ಹೊದ್ದುಕೊಂಡು ಕೂತಿದ್ದಾನೆ. ಹುಡುಗಿ ಚಹಾ ತಂದಾಗ ಎಲ್ಲರ ಎದುರಿಗೆ ಆ ಶಾಲು ತೆಗೆದು ಪಕ್ಕಕ್ಕಿಟ್ಟ. ಹುಡುಗಿ ನೋಡಿದಳು, ನಕ್ಕಳು. ಮುಂದೆ ಅಳು, ಜಗಳ ಎಲ್ಲ ಆಗಿ ಎರಡು ತಾಸಿನಲ್ಲಿ ಎಲ್ಲ ಸುಖವಾಯಿತು. ನರ್ಸ್ ಹುಡುಗಿ ಕಣ್ಣೊರೆಸಿಕೊಂಡು, "ಚೆನ್ನಾಗಿದೆ ಅಲ್ಲ ಟೀಚರ್?" ಅಂದಳು. ನನ್ನ ಬಾಯಲ್ಲಿ ಹಣ್ಣಿನ ತುಂಡು ಹಾಗೇ ಉಳಿದಿತ್ತು.

ಅದು ಇಪ್ಪತ್ತೆಂಟು ವರ್ಷದ ಹಿಂದೆ, ನಾನು ಡಿ.ಎಡ್ ಮುಗಿಸಿ ಕಮಲಾಪುರದ ಮನೆಯಲ್ಲಿ ಖಾಲಿ ಕೂತಿದ್ದ ಕಾಲ. ಕಲಬುರಗಿಗೆ ಆಗ ಎಲ್ಲರೂ ಗುಲ್ಬರ್ಗಾ ಎನ್ನುತ್ತಿದ್ದರು. ನೌಕರಿಗೆ ಅನುಕೂಲ ಆದೀತೆಂದು ಅಪ್ಪ ನನ್ನನ್ನು ಅಲ್ಲಿಯ ಒಂದು ಟೈಪಿಂಗ್ ಕ್ಲಾಸಿಗೆ ಹಚ್ಚಿದ. ದಿನಾ ಮುಂಜಾನೆ ಬಸ್ಸು, ಮಧ್ಯಾಹ್ನ ವಾಪಸು. ಸ್ಟೇಶನ್ ಬಜಾರದ ಹಿಂದೆ ಒಂದು ಸಂದಿಯಲ್ಲಿ ಉದ್ದನೆಯ ಕೋಣೆ, ಎಂಟು ಟೈಪ್‌ರೈಟರ್, ಬಾಗಿಲ ಎದುರಿಗೇ ಮಾಸ್ತರರ ಟೇಬಲ್ಲು. ಮಾಸ್ತರು ಹತ್ತಿರದ ತಾಜಸುಲ್ತಾನಪುರದವರು. ನನಗಿಂತ ಆರೇಳು ವರ್ಷ ದೊಡ್ಡವರಿದ್ದಾರು.

ಮೊದಲ ದಿನವೇ ನೋಡಿದೆ. ಟೇಬಲ್ಲಿನ ಅಂಚು ಹಿಡಿದು ಎದ್ದರು. ಎಡಗೈಯಿಂದ ಎಡ ಮೊಣಕಾಲು ಒತ್ತಿ ಹಿಡಿದು, ಮೈ ಬಾಗಿಸಿ, ಹೆಜ್ಜೆ ಇಟ್ಟರು. ಸಣ್ಣಂದಿನಲ್ಲಿ ಪೋಲಿಯೊ ಆಗಿತ್ತಂತೆ. ಊರುಗೋಲು ಹಿಡಿಯುತ್ತಿರಲಿಲ್ಲ. ಎಂಟು ಮಷೀನುಗಳ ನಡುವೆ ಹಾಗೇ ಓಡಾಡಿ, ನಮ್ಮ ಕೈಬೆರಳು ತಪ್ಪಿದ್ದನ್ನು ಸಪ್ಪಳದ ಮೇಲೇ ಹಿಡಿಯುತ್ತಿದ್ದರು. ಕೀ ನೋಡಿ ಹೊಡೆಯುವವರ ಕೈ ಮೇಲೆ ಒಂದು ಟವೆಲ್ ತಂದು ಹೊದಿಸುತ್ತಿದ್ದರು. "ಕೈ ಯಾಕ ನೋಡ್ತೀರಿ? ಅವು ಎಲ್ಲಿ ಓಡಿ ಹೋಗಂಗಿಲ್ಲ. ಕಾಗದ ನೋಡ್ರಿ" ಎನ್ನುತ್ತಿದ್ದರು. ನನ್ನ ಕೈ ಮೇಲಂತೂ ಆ ಟವೆಲ್ ಕಾಯಂ. ಖರೆ ಹೇಳುತ್ತೇನೆ, ಎರಡನೆಯ ತಿಂಗಳಿಗೆ ನಾನು ಬೇಕಂತಲೇ ಕೀ ನೋಡುತ್ತಿದ್ದೆ.

ನಮ್ಮ ನಡುವೆ ಮಾತು ಎಂದರೆ ಅಷ್ಟೇ. ಬಸ್ಸು ತಡವಾದ ದಿನ, "ಊಟ ಆಗ್ಯದೇನ್ರಿ?" ಎಂದು ಕೇಳುತ್ತಿದ್ದರು. ನಾನು ಆಗಿಲ್ಲವಾದರೂ ಆಗ್ಯದ ಎನ್ನುತ್ತಿದ್ದೆ. ಈಗಿನವರಿಗೆ ಇದರಲ್ಲಿ ಏನಿದೆ ಅನ್ನಿಸಬಹುದು. ನಮಗೆ ಅದೇ ರಗಡ ಆಗಿತ್ತು.

ಆರು ತಿಂಗಳಾದ ಮೇಲೆ ನಮ್ಮ ತೋಟದ ಬಾಳೆ ಒಯ್ಯುವ ವ್ಯಾಪಾರಿ ಒಬ್ಬ ಅಪ್ಪನ ಹತ್ತಿರ ಮಾತು ತಂದ. ಹುಡುಗ ನಮ್ಮ ಪೈಕಿಯವನೇ, ಗುಲ್ಬರ್ಗಾದಲ್ಲಿ ಸ್ವಂತ ಟೈಪಿಂಗ್ ಕ್ಲಾಸು, ಊರಲ್ಲಿ ಹೊಲ ಇದೆ ಎಂದ. ಆ ವ್ಯಾಪಾರಿ ಸಂದಿಯಲ್ಲಿ ಹಾದುಹೋಗುವಾಗ ಮಾಸ್ತರರನ್ನು ಟೇಬಲ್ಲಿನ ಹಿಂದೆ ಕೂತದ್ದೇ ನೋಡಿದ್ದ. ಕಾಲಿನ ಸುದ್ದಿ ಅವನಿಗೆ ಗೊತ್ತಿರಲಿಲ್ಲ. ಅಪ್ಪ ನನ್ನನ್ನು ಕರೆದು, "ನಿಮ್ಮ ಮಾಸ್ತರ ಹೆಂಗ ಅದಾನವ್ವಾ?" ಎಂದು ಕೇಳಿದ. "ಚಲೋ ಅದಾರ" ಅಂದೆ. ಅಷ್ಟು ಹೇಳಿ ಒಳಗೆ ಓಡಿಬಿಟ್ಟೆ. ಕಾಲಿನ ವಿಷಯ ನಾಳೆ ಹೇಳಿದರಾಯಿತು ಅಂದುಕೊಂಡೆ.

ನಾಳೆ ಹೇಳಲಿಲ್ಲ, ನಾಡಿದ್ದೂ ಹೇಳಲಿಲ್ಲ. ಹೇಳಿದರೆ ಅಪ್ಪ ಮಾತನ್ನು ಅಲ್ಲಿಗೇ ಮುರಿಯುತ್ತಾನೆಂದು ನನಗೆ ಗೊತ್ತಿತ್ತು. ಅವರು ಒಮ್ಮೆ ಮನೆಗೆ ಬಂದು ಕೂತು ನಾಲ್ಕು ಮಾತಾಡಿದರೆ, ಅಪ್ಪನಿಗೆ ಮನುಷ್ಯ ಹಿಡಿಸುತ್ತಾನೆ, ಕಾಲು ಆಮೇಲೆ ಕಂಡರೂ ನಡೆಯುತ್ತದೆ ಎಂದು ನನ್ನ ಲೆಕ್ಕ. ಇಪ್ಪತ್ಮೂರು ವರ್ಷದ ಬುದ್ಧಿ ಎಷ್ಟು ಓಡಬೇಕೋ ಅಷ್ಟೇ ಓಡಿತ್ತು.

ಹೆಣ್ಣು ನೋಡಲು ಬರುವುದಕ್ಕೆ ಎರಡು ದಿನ ಮೊದಲು ಮಾಸ್ತರು ನನ್ನ ಮಷೀನಿನ ಹತ್ತಿರ ಬಂದು ನಿಂತರು. ಉಳಿದ ಹುಡುಗರು ಟಕಟಕ ಹೊಡೆಯುತ್ತಲೇ ಇದ್ದರು. ಅವರು ಕಾಗದ ನೋಡುವಂತೆ ಬಾಗಿ, "ಮನ್ಯಾಗ ನನ್ನ ಕಾಲಿಂದು ಹೇಳೀರೇನ್ರಿ? ಹೇಳಿದ್ದಿಲ್ಲಂದ್ರ ನಾ ಬರಂಗಿಲ್ಲ" ಅಂದರು.

"ಹೇಳೀನ್ರಿ" ಅಂದೆ.

"ಏನಂದ್ರು?"

"ಬರ್ಲಿ ಅಂದ್ರು."

ಅವರ ಮುಖ ಆಗ ಹೇಗಾಯಿತೆಂದು ಇವತ್ತಿಗೂ ನೋಡಬಲ್ಲೆ. ಟವೆಲ್ ಹೆಗಲಿಗೆ ಹಾಕಿಕೊಂಡು ಹೊರಳಿದರು. ಅಂದು ಕ್ಲಾಸು ಮುಗಿಯುವವರೆಗೆ ಯಾರ ತಪ್ಪನ್ನೂ ಹಿಡಿಯಲಿಲ್ಲ. ಅಷ್ಟು ಸಂತೋಷವನ್ನು ನಾನು ಯಾರಿಗೂ ಕೊಟ್ಟಿದ್ದಿಲ್ಲ, ಅದೂ ಸುಳ್ಳು ಹೇಳಿ ಕೊಟ್ಟದ್ದು.

ಅವರು ಜೀಪು ಮಾಡಿಕೊಂಡು ಹೇಳಿದ ಹೊತ್ತಿಗಿಂತ ಮೊದಲೇ ಬಂದರು. ಮಾಸ್ತರು, ಅವರ ಅವ್ವ, ಒಬ್ಬ ಸೋದರಮಾವ. ಅಪ್ಪ ಮತ್ತು ತಮ್ಮ ಬಂದವರಿಗೆ ಕೊಡಲು ಗೊನೆ ಕಡಿಯಲು ತೋಟಕ್ಕೆ ಹೋಗಿದ್ದರು, ಅವ್ವ ಒಲೆಯ ಮುಂದೆ. ಬಾಗಿಲಲ್ಲಿ ಇದ್ದದ್ದು ಕಣ್ಣು ಮಂಜಾದ ನಮ್ಮ ಅಮ್ಮಾಯಿ, ಅಂದರೆ ಅಪ್ಪನ ತಾಯಿ. ಹಾಗಾಗಿ ಅಪ್ಪ ಬಂದಾಗ ಮಾಸ್ತರು ಆಗಲೇ ಜಮಖಾನದ ಮೇಲೆ ಗೋಡೆಗೆ ಬೆನ್ನು ಆನಿಸಿ ಕೂತಿದ್ದರು. ನಾನು ಅಡುಗೆಮನೆಯ ಕಿಂಡಿಯಿಂದ ನೋಡುತ್ತಿದ್ದೆ. ದೇವರೇ ಬಂದು ಕೂಡಿಸಿಹೋದ ಅನ್ನಿಸಿತು.

ಮಾತು ಚಲೋ ನಡೆಯಿತು. ಅಪ್ಪ ಒಂದೆರಡು ಸಲ ನಕ್ಕದ್ದೂ ಕೇಳಿಸಿತು. ನನ್ನನ್ನು ಕರೆದರು. ಮಂಡಕ್ಕಿಯ ಸುಸಲಾ, ಮಿರ್ಚಿಯ ತಾಟು ಹಿಡಿದು ಹೋದೆ, ಇಟ್ಟೆ, ಕೂತೆ. ಹೆಸರು ಕೇಳಿದರು, ಓದು ಕೇಳಿದರು. ಆಮೇಲೆ ಅವರ ಸೋದರಮಾವ, "ಜರಾ ಆ ಬಾಗಿಲ ತನಕ ನಡದು ತೋರಸವ್ವಾ" ಅಂದ. ನಮ್ಮಲ್ಲಿ ಅದು ವಾಡಿಕೆ. ಹೆಣ್ಣನ್ನು ನಡೆಸಿ ನೋಡುತ್ತಾರೆ, ಗಂಡಿಗೆ ನಡಿ ಅನ್ನುವವರು ಯಾರೂ ಇಲ್ಲ. ಎದ್ದು ನಡೆದೆ. ಮಾಸ್ತರು ತಲೆ ತಗ್ಗಿಸಿ, "ಅದೆಲ್ಲ ಬ್ಯಾಡ ಮಾಮಾ" ಅಂದರು.

ತಿಂದದ್ದು ಆದ ಮೇಲೆ ಕೈ ತೊಳೆಯಲು ಬೋಗುಣಿ, ತಂಬಿಗೆ ಹಿಡಿದು ನನ್ನ ತಮ್ಮ ಬಂದ. ಕೂತಲ್ಲೇ ತೊಳೆದರೆ ಗೆದ್ದೆ ಅಂದುಕೊಂಡೆ. ಮಾಸ್ತರು ನಕ್ಕು, "ಬ್ಯಾಡ ತಮ್ಮಾ, ಬಚ್ಚಲ ತನಕ ನಾನೇ ಹೋಗ್ತೀನಿ" ಅಂದು ಗೋಡೆ ಹಿಡಿದು ಎದ್ದರು. ಎಲ್ಲರಿಗೂ ಗೊತ್ತಿದೆ ಎಂದೇ ಅವರು ತಿಳಿದಿದ್ದರು. ಮೊಣಕಾಲ ಮೇಲೆ ಕೈ ಊರಿ, ಬಾಗಿ, ನಮ್ಮ ಪಡಸಾಲೆಯ ಈ ತುದಿಯಿಂದ ಆ ತುದಿಗೆ ಆರಾಮಾಗಿ ನಡೆದುಹೋದರು. ತಿರುಗಿ ಬರುವಷ್ಟರಲ್ಲಿ ಅಪ್ಪ ಎದ್ದು ನಿಂತಿದ್ದ.

"ಇದೇನ್ರಿ ಇದು?" ಅಂದ ಅಪ್ಪ. "ಈ ಮಾತು ನಮಗ ಯಾರೂ ಹೇಳಿಲ್ಲಲ್ಲ."

ಮಾಸ್ತರು ನನ್ನ ಕಡೆ ನೋಡಿದರು. ಅಪ್ಪನೂ ನನ್ನ ಕಡೆ ಹೊರಳಿದ. "ಆರು ತಿಂಗಳು ಹೋಗೀದಿ ಅಲ್ಲಿಗೆ. ನಿನಗ ಗೊತ್ತಿತ್ತೇನು?"

ಗೊತ್ತಿತ್ತು ಅಂದರೆ, ಗೊತ್ತಿದ್ದೂ ಒಪ್ಪಿದೆ ಎಂದಾಗುತ್ತದೆ. ಒಪ್ಪಿದೆ ಅಂದರೆ, ನೀನು ಟೈಪಿಂಗ್ ಕಲಿಯಲಿಕ್ಕೆ ಹೋಗಿದ್ದೋ ಗಂಡನ್ನು ಹುಡುಕಲಿಕ್ಕೆ ಹೋಗಿದ್ದೋ ಎಂದು ಕೇಳುತ್ತಾರೆ. ಇಷ್ಟೆಲ್ಲ ಒಂದೇ ಉಸಿರಿನಲ್ಲಿ ತಲೆಯಲ್ಲಿ ಹಾದುಹೋಯಿತು.

"ಇಲ್ಲಪ್ಪ" ಅಂದೆ. ಅಷ್ಟಕ್ಕೇ ಬಿಟ್ಟಿದ್ದರೂ ಆಗುತ್ತಿತ್ತು. "ಯಾವಾಗ್ಲೂ ಕುರ್ಚಿ ಮ್ಯಾಲೇ ಕುಂತಿರ್ತಿದ್ರು" ಅಂತಲೂ ಅಂದೆ.

ಅವರ ಅವ್ವ ಗಾಬರಿಯಾಗಿ, "ಹೇಳ್ಯಾರಂತ ಅಂದಿದ್ದೆಲ್ಲೋ..." ಎಂದು ಶುರು ಮಾಡಿದರು. ಮಾಸ್ತರು ಅವರ ಕೈ ಹಿಡಿದು ತಡೆದರು. ಆಮೇಲೆ ಅಪ್ಪನಿಗೆ ಕೈ ಮುಗಿದು, "ತಪ್ಪು ನಮ್ದರಿ. ಮೊದಲೇ ತಿಳಿಸಬೇಕಾಗಿತ್ತು" ಅಂದರು. ನನ್ನ ಕಡೆ ಮತ್ತೆ ನೋಡಲಿಲ್ಲ. ಜೀಪು ಓಣಿಯ ಆಚೆ ನಿಂತಿತ್ತು. ಅಲ್ಲಿಯವರೆಗೆ ಅವರು ನಡೆದು ಹೋಗುವುದನ್ನು ಅಕ್ಕಪಕ್ಕದವರೆಲ್ಲ ಬಾಗಿಲಿಗೆ ಬಂದು ನೋಡಿದರು. ನಾನು ಒಳಗೆ ಹೋಗಿ ತಾಟು ತೊಳೆದೆ.

ಟೈಪಿಂಗ್ ಅಲ್ಲಿಗೇ ನಿಂತಿತು. ಮುಂದೆ ನನಗೆ ಸರಕಾರಿ ಶಾಲೆಯ ನೌಕರಿ ಸಿಕ್ಕಿತು, ಕಲಬುರಗಿಗೇ ಬಂದೆ. ನೋಡಲು ಬಂದವರು ಬಂದರು. ಪ್ರತಿ ಸಲ ನಡದು ತೋರಸವ್ವಾ ಅಂದಾಗ ನನ್ನ ಕಾಲೇ ಏಳುತ್ತಿರಲಿಲ್ಲ. ಹುಡುಗಿಗೆ ಏನೋ ಐಬು ಇದೆ ಅಂದುಕೊಂಡು ಹೋದರು. ಅಪ್ಪ ಹೋದ ಮೇಲೆ ಕೇಳುವವರೂ ಇಲ್ಲವಾದರು. ಒಬ್ಬಳಿಗೇ ಅಡುಗೆ ಮಾಡಿಕೊಳ್ಳುವುದು ರೂಢಿಯಾಯಿತು ಎನ್ನುತ್ತೇನೆ ಎಲ್ಲರ ಮುಂದೆ. ಸುಳ್ಳು. ಅರ್ಧ ಪಾವು ಅಕ್ಕಿ ತೊಳೆಯುವಾಗ ಇವತ್ತಿಗೂ ಸಂಕಟವಾಗುತ್ತದೆ.

ಮಾಸ್ತರರ ಸಂದಿಗೆ ನಾನು ಕಾಲಿಡಲಿಲ್ಲ. ಒಮ್ಮೆ ಮಾತ್ರ ಸ್ಟೇಶನ್ ಬಜಾರದಲ್ಲಿ ಆಟೋದಲ್ಲಿ ಕೂತಿದ್ದಾಗ ಅವರು ಎದುರಿನ ಅಂಗಡಿಯಲ್ಲಿ ಕಂಡರು. ಕೂದಲು ಬೆಳ್ಳಗಾಗಿತ್ತು, ಜೊತೆಗೆ ಒಬ್ಬ ಹೆಣ್ಣುಮಗಳು ಚೀಲ ಹಿಡಿದು ನಿಂತಿದ್ದಳು. ಹೆಂಡತಿಯೇ ಇರಬೇಕು. ಇಳಿದು ಹೋಗಿ ಒಂದು ಮಾತು ಹೇಳುವಷ್ಟು ಹೊತ್ತು ಆಟೋ ಅಲ್ಲೇ ನಿಂತಿತ್ತು. ನಾನು ಸೆರಗನ್ನು ಮುಖಕ್ಕೆ ಎಳೆದುಕೊಂಡೆ. ಹೋದ ವರ್ಷ ಪೇಪರಿನ ಒಂದು ಮೂಲೆಯಲ್ಲಿ ಅವರ ಫೋಟೋ ಬಂತು, ಕೆಳಗೆ ನಿಧನ ಎಂದು. ಎದೆಯವರೆಗಿನ ಸಣ್ಣ ಫೋಟೋ. ಕತ್ತರಿಸಿ ಇಟ್ಟುಕೊಳ್ಳುವ ಹಕ್ಕು ನನಗಿದೆಯೋ ಇಲ್ಲವೋ ತಿಳಿಯದೆ ಪೇಪರನ್ನು ಮಡಚಿ ಇಟ್ಟೆ.

ಸಿನಿಮಾ ನೋಡಿದ ಮರುವಾರ ಕಮಲಾಪುರಕ್ಕೆ ಹೋಗಬೇಕಾಯಿತು. ತಮ್ಮನ ಮಗಳನ್ನು ನೋಡಲು ಬರುವವರಿದ್ದರು. ಬಂದರು, ಎಲ್ಲ ಸರಿಹೋಯಿತು, ನಗುವೂ ನಡೆಯಿತು. ಆಗ ತಮ್ಮ ತನ್ನ ಹಳೆಯ ಕಥೆ ತೆಗೆದ. ನಮ್ಮ ಮನೆಯಲ್ಲಿ ಯಾವ ಮದುವೆಯ ಮಾತಾದರೂ ಆ ಕಥೆ ಬರುತ್ತದೆ. "ನಮ್ಮ ಅಕ್ಕನ್ನ ನೋಡಾಕ ಒಬ್ಬ ಮಾಸ್ತರ ಬಂದಿದ್ದ ನೋಡ್ರಿ. ಎಂಥಾ ಚಾಲಾಕು ಅಂತೀರಿ, ಕಾಲಿನ ಸುದ್ದಿ ಗೊತ್ತಾಗಬಾರದಂತ ಆರು ತಿಂಗಳು ಕುರ್ಚಿ ಬಿಟ್ಟು ಎದ್ದಿಲ್ಲ ಅಂವ!" ನಾನು ಹೇಳಿದ ಒಂದು ಸುಳ್ಳು ಅವನ ಬಾಯಲ್ಲಿ ಇಷ್ಟು ದೊಡ್ಡದಾಗಿ ಬೆಳೆದಿತ್ತು. ಮೊಣಕಾಲ ಮೇಲೆ ಕೈ ಇಟ್ಟು ನಾಲ್ಕು ಹೆಜ್ಜೆ ನಡೆದೂ ತೋರಿಸಿದ. ಎಲ್ಲರೂ ನಕ್ಕರು. ಪ್ರತಿ ಸಲ ನಾನೂ ನಗುತ್ತಿದ್ದೆ.

"ನನಗ ಗೊತ್ತಿತ್ತು" ಅಂದೆ.

"ಏನಕ್ಕಾ?"

"ಅವರ ಕಾಲು. ಮೊದಲ ದಿನದಿಂದ ಗೊತ್ತಿತ್ತು. ಮನ್ಯಾಗ ಹೇಳ್ರಿ ಅಂತ ಅವರೇ ನನಗ ಹೇಳಿದ್ರು. ಹೇಳೀನಿ ಅಂತ ಅವರಿಗೆ ಸುಳ್ಳು ಹೇಳ್ದೆ, ಗೊತ್ತಿಲ್ಲಂತ ಅಪ್ಪಗ ಸುಳ್ಳು ಹೇಳ್ದೆ. ಮೋಸ ಮಾಡ್ದಾಕಿ ನಾನು."

ತಮ್ಮ ಹಾಗೇ ಬಾಗಿ ನಿಂತಿದ್ದವನು ಮೆಲ್ಲಗೆ ನೆಟ್ಟಗಾದ. ಬಂದವರು ಚಹಾದ ಕಪ್ಪಿನ ಕಡೆ ಕಣ್ಣು ತಗ್ಗಿಸಿದರು. ತಮ್ಮನ ಹೆಂಡತಿ, "ಹೋಗ್ಲಿ ಬಿಡ್ರಿ ಅಕ್ಕಾರ, ಹಳೀ ಮಾತು" ಎಂದು ಇನ್ನೊಂದು ತಾಟು ತಂದಿಟ್ಟಳು. ಅವರೆಲ್ಲ ಹೋದ ಮೇಲೆ ತಮ್ಮ ನನ್ನ ಜೊತೆ ಮಾತಾಡಲಿಲ್ಲ.

ಬಸ್ಸಿನವರೆಗೆ ಕಳಿಸಲು ಅವನ ಮಗಳೇ ಬಂದಳು. ಅರ್ಧ ದಾರಿಯಲ್ಲಿ, "ಅತ್ತಿ, ನಿಮಗ ಅವರು ಮನಸ್ಸಿಗೆ ಬಂದಿದ್ರೇನು?" ಎಂದು ಕೇಳಿದಳು. ಇಪ್ಪತ್ತೆಂಟು ವರ್ಷದಲ್ಲಿ ಈ ಪ್ರಶ್ನೆಯನ್ನು ನನಗೆ ಯಾರೂ ಕೇಳಿರಲಿಲ್ಲ. ಅಂದು ಆ ಪಡಸಾಲೆಯಲ್ಲೂ ಕೇಳಲಿಲ್ಲ. "ಹೂಂನವ್ವಾ" ಅಂದೆ. ಆಕೆ ನನ್ನ ಕೈಯಲ್ಲಿದ್ದ ಚೀಲ ತಾನು ಹಿಡಿದುಕೊಂಡಳು. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು ಕಲಬುರಗಿ ಬರುವವರೆಗೂ ಅತ್ತೆ.

ಈಗ ಇದನ್ನು ಬರೆಯುತ್ತಾ ಕೂತಿದ್ದೇನೆ. ಮಹಡಿಯ ಮೇಲಿನ ಹುಡುಗಿ ಡ್ಯೂಟಿಗೆ ಹೋಗಿದ್ದಾಳೆ, ಮನೆಯಲ್ಲಿ ಸಪ್ಪಳವಿಲ್ಲ. ಮಾಸ್ತರು ಬದುಕಿದ್ದರೆ ನಾಳೆಯೇ ಅವರ ಬಾಗಿಲಿಗೆ ಹೋಗಿ ತಪ್ಪಾಯಿತು ಎನ್ನುತ್ತಿದ್ದೆ ಎಂದು ಬರೆಯಬೇಕೆನ್ನಿಸುತ್ತದೆ... ಆದರೆ ಅಷ್ಟು ವರ್ಷ ಅವರು ಬದುಕಿಯೇ ಇದ್ದರಲ್ಲ. ಇದೇ ಊರಲ್ಲಿ, ನನ್ನ ಮನೆಯಿಂದ ಆಟೋದಲ್ಲಿ ಹತ್ತು ನಿಮಿಷದ ದಾರಿಯಲ್ಲಿ. ನಾನು ಹೋಗಲಿಲ್ಲ.