ಎರಡು ಕಾರ್ಡು ಹಿಡಿದು ಗಡಿಯಾಚೆಗೆ

ನನಗೆ ವಾಸಸ್ಥಳದ ದಾಖಲೆ ಈ ಜನ್ಮದಲ್ಲಿ ಸಿಗುವುದಿಲ್ಲ ಎಂದವರು ತಾಲೂಕು ಕಚೇರಿಯ ಗುಮಾಸ್ತರು. ಎಂಬತ್ತರ ದಶಕ ಮುಗಿಯುತ್ತ ಬಂದಿತ್ತು. ಭೋಜದ ಕುರಿಗಾರರ ಮನೆಗಳಲ್ಲಿ ಬಿ.ಎ. ಮುಗಿಸಿ ಬಿ.ಎಡ್. ಕೂಡ ಮಾಡಿದ ಮೊದಲ ಹುಡುಗಿ ನಾನು. ಹೀಗೆ ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ. ಶಾಲೆಯ ನೌಕರಿಗೆ ಆಯ್ಕೆಯಾಗಿದ್ದೆ. ಜೂನ್ ಮೊದಲ ವಾರದೊಳಗೆ ನಾನು ಈ ರಾಜ್ಯದವಳೆಂಬ ಕಾಗದ ಕೊಡಬೇಕು, ಇಲ್ಲದಿದ್ದರೆ ಆ ಜಾಗ ಪಟ್ಟಿಯಲ್ಲಿ ನನ್ನ ಕೆಳಗಿನವರಿಗೆ.

ಗುಮಾಸ್ತರು ರೇಶನ್ ಕಾರ್ಡು ಕೇಳಿದ್ದೇ ತಡ, ಅಪ್ಪ ಚಂಚಿ ಬಿಚ್ಚಿ ಎರಡು ಕಾರ್ಡು ತೆಗೆದು ಮೇಜಿನ ಮೇಲಿಟ್ಟ.

"ಎರಡೂ ಅದಾವ್ರಿ ಸಾಹೇಬ್ರ. ಇದು ಭೋಜದ್ದು, ಇದು ಮಹಾರಾಷ್ಟ್ರದ್ದು. ನಿಮಗ ಯಾವುದು ಬೇಕ್ರಿ?"

ಅಪ್ಪನ ದನಿಯಲ್ಲಿ ಹೆಮ್ಮೆಯಿತ್ತು. ಗುಮಾಸ್ತರು ಎರಡನ್ನೂ ಅಕ್ಕಪಕ್ಕ ಇಟ್ಟುಕೊಂಡು ಓದಿದರು. ಎರಡರಲ್ಲೂ ನನ್ನ ಹೆಸರಿತ್ತು.

"ಈ ಕಡೆ ಒಂದು ಕಾಲು, ಆ ಕಡೆ ಒಂದು ಕಾಲು. ನಿಮ್ಮಂಥವರನ್ನ ಭಾಳ ನೋಡೇನಿ. ಅಲ್ಲಿ ಹೆಸರು ಕಮ್ಮಿ ಮಾಡಿಸಿದ ಕಾಗದ ತರ್ರಿ, ಆಮ್ಯಾಲ ಮಾತು. ತರೂದು ನಿಮ್ಮ ಕೈಲೆ ಆಗೂದಿಲ್ಲ ಬಿಡ್ರಿ."

ನಮ್ಮ ಕಡೆ ಮಳೆ ಜಾಸ್ತಿ. ಕೆಸರಿನಲ್ಲಿ ನಿಂತರೆ ಕುರಿಯ ಗೊರಸು ಕೊಳೆಯುತ್ತದೆ. ಅದಕ್ಕೇ ಮೊದಲ ಮಳೆಗೆ ಅಪ್ಪ, ಅವ್ವ ಹಿಂಡು ಹೊಡೆದುಕೊಂಡು ಮೂಡಣಕ್ಕೆ ಹೊರಟರೆ ದೀಪಾವಳಿ ದಾಟಿಯೇ ವಾಪಸು. ನಾನು ಅಜ್ಜಿಯೊಡನೆ ಭೋಜದಲ್ಲೇ ಉಳಿದು ಓದಿದವಳು. ಒಂದು ದಿನವೂ ಇರದ ಊರಿನ ಕಾರ್ಡಿನಲ್ಲಿ ನನ್ನ ಹೆಸರು ಹೇಗೆ ಬಂತೆಂದು ಕೇಳಿದರೆ ಅಪ್ಪ, "ಬರಸಿದ್ನಿ, ಅಷ್ಟ" ಎಂದು ಕಾರ್ಡುಗಳನ್ನು ಚಂಚಿಗೆ ತುರುಕಿದ. ನನ್ನ ಸಂಶಯ ಅಲ್ಲಿಂದ ಶುರು.

ಮರುದಿನ ಬೆಳಗಿನ ಬಸ್ಸಿಗೆ ಆ ಎರಡನೆಯ ಕಾರ್ಡಿನ ಊರಿಗೆ ಹೊರಟೆವು. ನಿಪ್ಪಾಣಿಯಲ್ಲಿ ಇಳಿಯುವಾಗ ತಂಬಾಕಿನ ಘಾಟಿಗೆ ಅಪ್ಪ ಮೂರು ಸಲ ಸೀನಿದ. ಚಿಕ್ಕೋಡಿಗೆ ಹೋಗುವ ಬಸ್ಸಿನಲ್ಲಿ ಪಕ್ಕದವರು ಯಾವೂರೆಂದು ಕೇಳಿದರು. "ಭೋಜದವರ್ರಿ" ಎಂದ ಅಪ್ಪ. ಚಿಕ್ಕೋಡಿಯಲ್ಲಿ ಬಸ್ಸು ಬದಲಿಸಿ, ಬಿಸಿಲೇರುವ ಹೊತ್ತಿಗೆ ರಾಯಬಾಗ ಮುಟ್ಟಿದೆವು. ಅಂಗಡಿಯವನ ಕೊಡದಿಂದ ನೀರು ಕೇಳಿ, ಕಟ್ಟೆಯ ಮೇಲೆ ರೊಟ್ಟಿ, ಶೇಂಗಾ ಚಟ್ನಿ ಬಿಚ್ಚಿದೆವು. ಅಂಗಡಿಯವನೂ ಊರು ಕೇಳಿದ. ಅಪ್ಪ ಮುಖ ಎತ್ತದೆ, "ಇಲ್ಲೇರಿ, ರಾಯಬಾಗ ಸೀಮಿಯವರು" ಅಂದುಬಿಟ್ಟ!

ರೇಲ್ವೆ ಸ್ಟೇಷನ್ನು ಊರಿನಿಂದ ದೂರ. ಟಾಂಗಾದಲ್ಲಿ ಹೋಗಿ ಮೀರಜ ಕಡೆಯ ಪ್ಯಾಸೆಂಜರ್ ಹಿಡಿದೆವು. ಗಾಡಿಯಲ್ಲಿ ಎದುರು ಕೂತ ಮುದುಕಿಗೆ ಅಪ್ಪ ಉಗಾರದವನಾದ. ನನಗೆ ತಡೆಯಲಾಗಲಿಲ್ಲ.

"ಯಪ್ಪಾ, ಒಂದ ದಿನದಾಗ ಮೂರು ಊರಿನವ ಆದಿ. ನಾಳಿ ಕಚೇರಿಯಾಗ ಯಾವ ಊರು ಹೇಳಾಂವ ನೀ?"

"ಮೆಲ್ಲಕ ಮಾತಾಡಬೇ. ದೂರದವ ಅಂದ್ರ ಕಳ್ಳ ಬಂದಾನ ಅಂತ ನಾಯಿ ಬಿಡ್ತಾರ. ಇಲ್ಲ್ಯಾಂವ ಅಂದ್ರ ನೀರು ಕೊಡ್ತಾರ. ಕುರಿ ಎಲ್ಲಿ ನೀರು ಕುಡೀತಾವೋ ನಾ ಆ ಊರಾಂವ."

ಹದಿನಾರು ವರ್ಷ ಓದಿದ ನನಗೆ ಆ ಮಾತಿಗೆ ಸಿಟ್ಟು ಬಂತು. ಕಿಟಕಿಯ ಕಡೆ ಮುಖ ತಿರುಗಿಸಿ ಕೂತೆ.

ಕೃಷ್ಣಾ ನದಿ ದಾಟಿ ಇಳಿದು, ಉಗಾರ ಬುದ್ರುಕಕ್ಕೆ ನಡೆದೆವು. ಅಲ್ಲಿ ಅಣ್ಣಾಸಾಹೇಬ ಎಂಬ ಕಬ್ಬಿನ ರೈತರ ಮನೆ. ಗೊಬ್ಬರಕ್ಕೆಂದು ಅವರ ಖಾಲಿ ಹೊಲದಲ್ಲಿ ಪ್ರತಿವರ್ಷ ನಮ್ಮ ಕುರಿ ಕೂಡಿಸುತ್ತಾರೆ, ಬದಲಿಗೆ ಜೋಳ ಅಳೆಯುತ್ತಾರೆ. ನಮ್ಮನ್ನು ಕಂಡದ್ದೇ ಕೂಗಿದರು:

"ಏನೋ ಬಾಳಪ್ಪ, ಕುರಿ ಬಿಟ್ಟು ಈ ಸಲ ಮಗಳನ್ನ ಹೊಡ್ಕೊಂಡ ಬಂದಿ?"

"ಮಗಳ ನನ್ನ ಹೊಡ್ಕೊಂಡ ಬಂದಾಳ್ರಿ ಧಣೇರ."

ಬೆಲ್ಲದ ಚಹಾ ಬಂತು. ಬಂದ ಕಾರಣ ಹೇಳಿದೆ. ಅಣ್ಣಾಸಾಹೇಬರ ನಗು ನಿಂತಿತು.

"ಆ ಊರಾಗ ಹೆಸರು ತಗಸಿದ್ರ ಗಾಯರಾಣದಾಗ ಕುರಿ ಬಿಡೂದು ಬಂದ್ ಆಗತೈತಿ. ಮಗಳಿಗೆ ಹೇಳಿಯೋ ಇಲ್ಲೋ?"

ಅಪ್ಪ ಬಸಿಯಲ್ಲಿ ಉಳಿದ ಚಹಾ ನೋಡುತ್ತ ಕೂತ. ಅಣ್ಣಾಸಾಹೇಬರೇ ಬಿಡಿಸಿ ಹೇಳಿದಾಗ ಎಲ್ಲ ತಿಳಿಯಿತು. ಆ ಊರಿನ ಗಾಯರಾಣ, ಎಂದರೆ ಊರೊಟ್ಟಿನ ಹುಲ್ಲುಗಾವಲು, ಊರಿನ ಕಾರ್ಡಿದ್ದವರಿಗೆ ಮಾತ್ರ. ಬರೀ ಗಂಡ ಹೆಂಡತಿಯ ಹೆಸರಿದ್ದರೆ ಅಲೆಮಾರಿಗಳೆಂದುಕೊಂಡು ಊರಿನವರು ನಂಬಲಿಕ್ಕಿಲ್ಲವೆಂದು ಅಪ್ಪ ಅಜ್ಜಿಯ ಹೆಸರು, ನನ್ನ ಹೆಸರು ಎರಡನ್ನೂ ಸೇರಿಸಿ, ಚಾವಡಿಯಲ್ಲಿ "ನಮಗೆ ಬೇರೆ ಊರಿಲ್ಲ" ಎಂದು ದೇವರ ಭಂಡಾರ ಮುಟ್ಟಿ ಆಣೆ ಮಾಡಿ ಹೇಳಿದ್ದ. ಹನ್ನೆರಡು ಮಳೆಗಾಲ ನಮ್ಮ ಹಿಂಡು ಬದುಕಿದ್ದು ಆ ಮಾತಿನ ಮೇಲೆ.

"ಮತ್ತೆಲ್ಲರೆ ಜಾಗಾ ಸಿಗತೈತಿ" ಅಂದ ಅಪ್ಪ. ಅಣ್ಣಾಸಾಹೇಬರು ತಲೆಯಾಡಿಸಿದರು. ಎಲ್ಲ ಕಡೆ ದ್ರಾಕ್ಷಿ ಹಚ್ಚಿ ತಂತಿ ಬಿಗಿದಿದ್ದಾರೆ, ಎಲ್ಲಿ ಸಿಕ್ಕೀತು ಎಂದರು.

ಹಾಗಾದರೆ ಬೇಡ, ತಿರುಗಿ ಹೋಗೋಣ ಎಂದು ನಾನು ಹೇಳಬಹುದಿತ್ತು. ಹೇಳಲಿಲ್ಲ. ಅಷ್ಟು ಕಷ್ಟಪಟ್ಟು ಗಳಿಸಿದ್ದನ್ನು ಬಿಡಲು ಮನಸ್ಸಾಗಲಿಲ್ಲ. ಪ್ರವಾಸದ ಸಂಗತಿ ಬರೆಯಲು ಕೂತವಳು ಇದನ್ನು ಮುಚ್ಚಿಡಬಾರದು.

ಎರಡನೆಯ ದಿನ ಕಾಗವಾಡದವರೆಗೆ ಬಸ್ಸು. ಕಾಗವಾಡದ ಸಂತೆಪೇಟೆಯಲ್ಲಿ ಒಂದೇ ಅಂಗಡಿಯವ ಒಬ್ಬರಿಗೆ ಕನ್ನಡದಲ್ಲಿ ದರ ಹೇಳಿ, ಇನ್ನೊಬ್ಬರೊಡನೆ ಮರಾಠಿಯಲ್ಲಿ ಜಗಳವಾಡುತ್ತಿದ್ದ. ಅಲ್ಲಿಂದ ಕಾಲುನಡಿಗೆ. ಎರಡೂ ಬದಿಗೆ ದ್ರಾಕ್ಷಿ ತೋಟ, ಸುಡುವ ಗಾಳಿ. ಗಡಿ ಯಾವಾಗ ದಾಟಿತೋ ತಿಳಿಯಲೇ ಇಲ್ಲ. ಆಚೆ ಹೊಲದಲ್ಲೂ ಅದೇ ಕಪ್ಪು ಮಣ್ಣು. ಅಡ್ಡ ಬಂದ ಸೈಕಲ್ಲಿನವನೊಬ್ಬ ನಮ್ಮನ್ನು ನೋಡುತ್ತ ಮುಂದೆ ಹೋಗಿ, ತಿರುಗಿ ಬಂದು, ಯಾರ ಮನೆಗೆ ಎಂದು ವಿಚಾರಿಸಿದ. ಈ ಸಲ ಅಪ್ಪ ಯಾವ ಊರನ್ನೂ ಹೇಳಲಿಲ್ಲ. ನಾನೇ ಹೇಳಿದೆ, ಭೋಜ ಎಂದು.

ಆ ಊರಿನ ಹೆಸರು ಇಲ್ಲಿ ಬರೆಯುವುದಿಲ್ಲ. ಚಾವಡಿಯಲ್ಲಿ ಸರಪಂಚರು, ಕಾರ್ಡಿನ ಲೆಕ್ಕ ಬರೆಯುವ ಒಬ್ಬ ನೌಕರರು ಇದ್ದರು. ಸರಪಂಚರು ಮೊದಲು ಅಪ್ಪನ ಬೆನ್ನು ತಟ್ಟಿ, "ಯೇ ಯೇ, ಬಾ ಬಾಳೂ, ಮಳಿಗಿಂತ ಮೊದಲ ಬಂದಿಯಲ್ಲೋ" ಎಂದರು. ವಿಷಯ ಕೇಳಿದ ಮೇಲೆ ತಟ್ಟಿದ ಕೈ ಹಿಂದೆ ಹೋಯಿತು.

"ಹನ್ನೆರಡು ವರ್ಷ ನಮ್ಮ ಊರಾಂವ ಅಂದಿ. ನಮ್ಮ ಹುಲ್ಲು ಮೇಯಿಸಿದಿ. ಈಗ ಮಗಳ ನೌಕರಿ ಬಂತಂದ್ರ ಕರ್ನಾಟಕದಾಂವ ಆದ್ಯಾ? ಅವತ್ತ ಸುಳ್ಳೋ, ಇವತ್ತ ಸುಳ್ಳೋ?"

ಅಪ್ಪ ಹೆಗಲ ಮೇಲಿನ ಕಂಬಳಿ ಕೆಳಗಿಟ್ಟು ನಿಂತ. ನಾನು ಬಾಯಿ ತೆರೆದೆ, ಅಪ್ಪ ಕೈ ಮಾಡಿ ತಡೆದ.

"ಅವತ್ತಿಂದು ಸುಳ್ಳ್ರಿ. ಕುರಿ ಸಲುವಾಗಿ ಹೇಳಿದ್ನಿ."

ಯಾರೂ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ನೌಕರರು ದಪ್ಪ ಪುಸ್ತಕ ತೆಗೆದು, ನಾಲ್ಕೂ ಹೆಸರುಗಳ ಮೇಲೆ ಅಳತೆಪಟ್ಟಿ ಇಟ್ಟು ನೇರ ಗೆರೆ ಎಳೆದರು. ಮರಾಠಿಯಲ್ಲಿ ಕಾಗದ ಬರೆದು ಕೊಟ್ಟಾಗ ನಾನು ಅಲ್ಲೇ ಪೂರ್ತಿ ಓದಿ, ಒಂದು ಕಡೆ ಅಪ್ಪನ ಹೆಸರು ತಪ್ಪಿದ್ದನ್ನು ತಿದ್ದಿಸಿದೆ. ಸರಪಂಚರು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

"ಮರಾಠಿನೂ ಬರತೈತಿ ಇಕಿಗೆ. ಬಾಳೂ, ಮಗಳ ಹುಷಾರ್ ಅದಾಳ. ನಾಳಿ ನಿನ್ನ ಹೆಸರಿನ ಮ್ಯಾಲೂ ಗೆರಿ ಎಳದಾಳು, ನೋಡ್ಕೋ."

ಅವರಿಬ್ಬರೂ ನಕ್ಕರು. ಅಪ್ಪನೂ ನಕ್ಕ. ನಾನು ನಗಲಿಲ್ಲ. ಕಾಗವಾಡಕ್ಕೆ ಮರಳುವ ದಾರಿಯಲ್ಲಿ ಬಲಕ್ಕೆ ಆ ಗಾಯರಾಣ ಕಂಡಿತು. ಒಣಗಿದ ದಿಬ್ಬ, ನಾಲ್ಕು ಜಾಲಿ ಗಿಡ. ಇಷ್ಟಕ್ಕೇ ಆ ಸುಳ್ಳು ಎಂದು ಮೊದಲು ಅನ್ನಿಸಿತು. ಅಪ್ಪ ಅದರ ಕಡೆ ನೋಡದೆ ಸರಸರ ನಡೆದ.

ಮೂರನೆಯ ದಿನ ಭೋಜಕ್ಕೆ ಹೋಗದೆ ನೇರವಾಗಿ ಕಚೇರಿಗೆ ಹೋದೆವು. ಗುಮಾಸ್ತರು ಕಾಗದವನ್ನು ಕಿಟಕಿಯ ಬೆಳಕಿಗೆ ಹಿಡಿದು ಮೊಹರಿನ ಶಿಕ್ಕೆ ನೋಡಿದರು, ಬೆರಳಿನಿಂದ ಒರೆಸಿ ನೋಡಿದರು.

"ಖರೇ ಶಿಕ್ಕೆ ಏನಿದು?"

"ಹೋಗಿ ಕೇಳ್ಕೊಂಡ ಬರ್ರಿ, ಬರೇ ಎರಡು ದಿನದ ಹಾದಿ" ಎಂದೆ. ಅವರು ಕಾಗದ ಎತ್ತಿಕೊಂಡು ಸಾಹೇಬರ ಕೋಣೆಗೆ ಹೋದರು. ಮಧ್ಯಾಹ್ನ ಮೂರಕ್ಕೆ ಸಾಹೇಬರ ಸಹಿಯಾಯಿತು. ದಾಖಲೆ ನನ್ನ ಕೈಗೆ ಬಂತು. ಹೊರಗೆ ಬೇವಿನ ಗಿಡದ ಕೆಳಗೆ ಕೂತಿದ್ದ ಅಪ್ಪನಿಗೆ ಓದಿ ಹೇಳಿದೆ: ಭೋಜ ಗ್ರಾಮದ ಬಾಳಪ್ಪನ ಮಗಳು ಸದರಿ ಗ್ರಾಮದ ಕಾಯಂ ನಿವಾಸಿ.

"ಕಾಯಂ ಅಂದ್ರ?"

"ಹನ್ನೆರಡೂ ತಿಂಗಳು ಇಲ್ಲೇ ಇರಾವ್ರು ಅಂತ, ಯಪ್ಪಾ."

ಪಡುವಣದಲ್ಲಿ ಮೋಡ ಏಳುತ್ತಿತ್ತು. ಅಪ್ಪ ಅದನ್ನೇ ನೋಡುತ್ತ ಕಂಬಳಿ ಹೆಗಲಿಗೆ ಹಾಕಿಕೊಂಡ.

"ಚಲೋ ಆತು. ಮನಿಗೆ ಹ್ವಾದ ಮ್ಯಾಲ ಹಟ್ಟಿಯಾಗ ನಿಂತು ಇನ್ನೊಮ್ಮಿ ಓದು. ಕುರಿಗೋಳಿಗೂ ಗೊತ್ತಾಗಲಿ."