ವಾರೆಯಾದ ರುಮಾಲು

ನನ್ನನ್ನು ಬಲ್ಲ ಗೆಳೆಯರಿಗಷ್ಟೇ ಹೇಳುತ್ತಿದ್ದೇನೆ. ನಿಜಾಮರ ಮಂದಿ ಊರೂರಲ್ಲಿ ಎಬ್ಬಿಸಿದ ಗಲಾಟೆಗೆ ಹೆದರಿ ಇವತ್ತು ಮಣ್ಣೂರಿನ ಹೊಳೆದಂಡೆಗೆ ಯಾರೂ ಬಂದಿರಲಿಲ್ಲ. ನಿಜಾಮರ ರಾಜ್ಯ ನಮಗೆ ಮಾಡಿದ ಉಪಕಾರ ಅದೊಂದೇ. ಪ್ರೀತಿ ಹೇಳಿಕೊಂಡ ಮೇಲೆ ನಾನು, ಶರಣಪ್ಪ ಇಬ್ಬರೇ ಕೂಡಿದ್ದು ಇದೇ ಮೊದಲು.

ನನ್ನನ್ನು ಕೂರಿಸಲೆಂದು ಆತ ತಲೆಯ ರುಮಾಲು ಬಿಚ್ಚಿ ಮರಳಿನ ಮೇಲೆ ಹಾಸಹೋದ. ನಾನು ಕೈಗಳನ್ನು ಬೆನ್ನ ಹಿಂದೆ ಬಚ್ಚಿಟ್ಟು ಹಿಂದೆ ಸರಿದೆ.

“ಯಾಕ್ರಿ, ಏನಾತು?”

“ಹಿಂದೊಮ್ಮೆ ಒಬ್ಬ ಗೆಳೆಯಾನ ಜೋಡಿ ಕಂಡಾಗ ನಮ್ಮ ಕಾಕಾ ರುಮಾಲಿನಿಂದನ ನನ್ನ ಕೈ ಕಂಬಕ್ಕ ಕಟ್ಟಿ ಹೊಡದಿದ್ದ.”

ಶರಣಪ್ಪ ರುಮಾಲನ್ನು ನನ್ನ ಕೈಗಿಟ್ಟು ತಲೆ ಬಾಗಿಸಿದ. “ನೀವ ಸುತ್ರಿ.”

ಸುತ್ತಿದೆ. ಪೂರಾ ವಾರೆಯಾಯಿತು.

“ಸರಿ ಮಾಡ್ಕೋರಿ, ಮಂದಿ ನಗ್ತಾರ.”

“ನಗಲಿ ಬಿಡ್ರಿ.”

ಆತ ಹಾಗೆಯೇ ಊರೊಳಗೆ ನಡೆದ. ಸಿಕ್ಕವರೆಲ್ಲ ನಕ್ಕರು. ಸುತ್ತಿದ್ದು ಯಾರ ಕೈ ಎಂದು ಒಬ್ಬರೂ ಕೇಳಲಿಲ್ಲ.