ಖಾಲಿ ಹಾಳೆಗೆ ಸಹಿ ಹಾಕಿದ ವಾಲೀಕಾರ್ತಿ

ಒಂದೂರಲ್ಲಿ ಒಂದು ಹಳ್ಳವಿತ್ತಂತೆ. ಹಗಲು ಸುಮ್ಮನೆ ಮಲಗಿರುತ್ತಿತ್ತಂತೆ, ರಾತ್ರಿ ಚಕ್ರ ಕಟ್ಟಿಕೊಂಡು ಊರು ಬಿಟ್ಟು ಹೋಗುತ್ತಿತ್ತಂತೆ. ಅದನ್ನು ಹಿಡಿಯಲು ಅರಸನ ಮಂದಿ ಬಂದಾಗಲೆಲ್ಲ, ‘ಹಿಡಿದದ್ದು ನಿಜ’ ಎನ್ನಲು ಊರಿನವರೊಬ್ಬರು ಬೇಕಾಗುತ್ತಿತ್ತಂತೆ. ಯಲಬುರ್ಗಾ ತಾಲೂಕಿನಲ್ಲಿ, ತಳಕಲ್ಲಿನ ಆಚೆಗೊಂದು ಊರಲ್ಲಿ, ಆ ಒಬ್ಬರು ಈಗಲೂ ಇದ್ದಾರೆ. ಹೆಸರು ದುರಗಮ್ಮ.

ಬೆಳಗಿನ ಆರು ಗಂಟೆ. ಗ್ರಾಮ ಸಹಾಯಕಿ ದುರಗಮ್ಮ ಸೆರಗಿನೊಳಗೆ ನೋಟಿಸು ಹಿಡಿದು ಹಸನಬೀಯವರ ಮನೆಯತ್ತ ನಡೆದಿದ್ದಾರೆ. ಊರಿಗೆ ಇವರು ವಾಲೀಕಾರ್ತಿ. ಗಂಡನ ಕೆಲಸ ಇವರಿಗೆ ಬಂದು ಹದಿನೆಂಟು ವರ್ಷ. ಡಂಗುರ ಸಾರುವುದು, ನೋಟಿಸು ಮುಟ್ಟಿಸುವುದು, ತಪಾಸಣೆಯ ಜೀಪಿನವರು ಮರಳಿನ ಕಳ್ಳ ಗಾಡಿ ಹಿಡಿದರೆ ಪಂಚಸಾಕ್ಷಿಯಾಗಿ ನಿಲ್ಲುವುದು. ಮೂರು ಊರು, ದಿನಕ್ಕೆ ಎಂಟೊಂಬತ್ತು ಮೈಲಿ ನಡಿಗೆ, ಇದುವರೆಗೆ ಇಪ್ಪತ್ಮೂರು ಪಂಚನಾಮೆ. ಓದು ನಾಲ್ಕನೇ ಇಯತ್ತೆ.

“ಕಳ್ಳ ಗಾಡಿ ಹಿಡೀಬೇಕ್ರಿ, ಹಳ್ಳ ಉಳೀಬೇಕಲ್ಲ,” ಅನ್ನುತ್ತಾರೆ. “ಆದ್ರ ಹಾಳಿ ಖಾಲಿ ಇರ್ತಾವ. ಜೀಪಿನ ಮೂತಿ ಮ್ಯಾಲ ಇಟ್ಟು, ಇಲ್ಲಿ ಹಾಕು ದುರಗಮ್ಮ, ಆಮ್ಯಾಲ ಬರ್ಕೋತೀವಿ ಅಂತಾರ. ಓದಿ ಹೇಳ್ರಿ ಅನ್ನಾಕ ನನಗ ಬಾಯಿ ಬರ್ತಿದ್ದಿಲ್ಲ.”

ಏಳು ತಿಂಗಳ ಹಿಂದೆ ಹಸನಬೀಯವರ ಮಗ ಖಲಂದರ, ಪರವಾನಗಿ ಇರುವ ಜಾಗದಿಂದ ಒಂದು ಟ್ರಾಲಿ ಮರಳು ತಂದಿದ್ದ. ಸಾಗಣೆಯ ಪಾಸು ಸಂಜೆ ಆರರವರೆಗೆ ಇತ್ತು. ಶಾಲೆ ಬಿಟ್ಟ ಹೊತ್ತಿಗೆ ಜೀಪು ಅವನ ಮನೆ ಬಾಗಿಲಿಗೇ ಬಂದು ಟ್ರ್ಯಾಕ್ಟರ್ ಒಯ್ದಿತು. ಪಾಸನ್ನು ಯಾರೂ ನೋಡಲಿಲ್ಲ, ರಶೀದಿ ಕೊಡಲಿಲ್ಲ. ದುರಗಮ್ಮ ಎರಡು ಖಾಲಿ ಹಾಳೆಗೆ ಸಹಿ ಹಾಕಿದರು. ಮೂರು ಅರ್ಜಿ ಕೊಟ್ಟ ಮೇಲೆ ಖಲಂದರನ ಕೈಗೆ ಪಂಚನಾಮೆಯ ಪ್ರತಿ ಸಿಕ್ಕಿತು: ರಾತ್ರಿ ಒಂಬತ್ತು ಗಂಟೆ, ಹಳ್ಳದ ನಡುವೆ, ಪಾಸು ಇಲ್ಲ. ಕೆಳಗೆ ದುರಗಮ್ಮನ ಸಹಿ.

“ಹಸನಬೀ ಬೈದಿದ್ರ ಹಗುರ ಆಕ್ಕಿತ್ತು. ಚಾ ಕೊಟ್ಟು, ‘ಅಕ್ಕಾ, ನೀ ಕಂಡಿದ್ದು ಇದ ಏನು?’ ಅಂದ್ಲು.”

ವಿಚಾರಣೆಯ ದಿನ ನಾನೇ ಬಂದು ಹೇಳುತ್ತೇನೆ ಎಂದು ದುರಗಮ್ಮ ಅವತ್ತು ಮಾತು ಕೊಟ್ಟರು. ಆ ಮಾತು ಜೀಪಿನವರ ಕಿವಿಗೂ ಬಿದ್ದಿದೆ. “ಸಹಿ ನಿಂದು, ಸುಳ್ಳೂ ನಿಂದ ಆಕ್ಕೈತಿ, ನೌಕರಿ ನೋಡ್ಕೊ,” ಎಂದು ಜೀಪಿನವರೊಬ್ಬರು ನಗುನಗುತ್ತಲೇ ಹೇಳಿಹೋಗಿದ್ದಾರೆ.

ಬಾಗಿಲು ತೆರೆದ ಖಲಂದರ ನೋಟಿಸು ಓದುತ್ತಾನೆ. ವಿಚಾರಣೆ ಇವತ್ತೇ, ಹನ್ನೊಂದಕ್ಕೆ, ಕೊಪ್ಪಳದಲ್ಲಿ.

“ಮದುವಿ ಕಾಗದನಾದ್ರೂ ವಾರ ಮೊದ್ಲ ಕೊಡ್ತಾರಬೇ.”

“ನನ್ನ ಕೈಗೆ ನಿನ್ನಿ ಸಂಜಿಗಿ ಬಂತಪ್ಪ.”

ಹಸನಬೀ ದುರಗಮ್ಮನ ಮುಖ ನೋಡುತ್ತಾರೆ. “ಅಕ್ಕಾ, ಅಂಜಿಕಿ ಆದ್ರ ಬ್ಯಾಡ ಬಿಡು.”

“ಅಂಜಿಕಿ ಐತಿ. ಬಸ್ಸಿನ್ಯಾಗ ನನ್ನ ಬಾಜೂ ಕುಂದ್ರು.”

ಕೊಪ್ಪಳದ ಕಚೇರಿಯ ಪಡಸಾಲೆಯಲ್ಲಿ ಜೀಪಿನವರೂ ಕೂತಿದ್ದಾರೆ. ಖಲಂದರನ ಹೆಸರು ಕರೆದಾಗ ದುರಗಮ್ಮನೂ ಏಳುತ್ತಾರೆ. ಹಸನಬೀ ರಟ್ಟೆ ಹಿಡಿದು ಜೊತೆಗೆ ಒಳಗೆ ನಡೆಯುತ್ತಾರೆ.

“ನಿಮ್ಮನ್ನ ಯಾರು ಕರೆದರು?” ವಿಚಾರಣಾಧಿಕಾರಿ ಕೇಳುತ್ತಾರೆ.

“ಯಾರೂ ಕರೀಲಿಲ್ರಿ. ಸಹಿ ನಂದು, ಅದಕ್ಕ ಬಂದೀನಿ. ಹಾಳಿ ಖಾಲಿ ಇದ್ದಾಗ ಹಾಕೀನ್ರಿ. ಗಾಡಿ ಹಳ್ಳದಾಗ ಇದ್ದಿಲ್ಲ, ಇವರ ಬಾಗಿಲಾಗ ಇತ್ತು. ಸಾಲಿ ಬಿಟ್ಟ ಹುಡುಗ್ರು ಸುತ್ತ ನಿಂತಿದ್ರು.”

“ಇದರಿಂದ ನಿಮಗೇ ತೊಂದರೆ ಆಗಬಹುದು.”

“ಗೊತ್ತೈತ್ರಿ. ಬರ್ಕೋರಿ.”

ಗುಮಾಸ್ತರು ಟೈಪು ಮಾಡಿ ಹಾಳೆ ಮುಂದಿಡುತ್ತಾರೆ. ದುರಗಮ್ಮ ಬೆರಳಿಟ್ಟು ಅಕ್ಷರ ಅಕ್ಷರ ಓದತೊಡಗುತ್ತಾರೆ. ಬಾಗಿಲ ಬಳಿ ಬಂದು ನಿಂತ ಜೀಪಿನವರು ಕೆಮ್ಮುತ್ತಾರೆ. ಸಾಲು ತಪ್ಪುತ್ತದೆ, ಮತ್ತೆ ಮೊದಲಿಂದ.

“ಆಯ್ತೇನಮ್ಮ?”

“ಇನ್ನ ಎರಡು ಸಾಲ ಅದಾವ್ರಿ, ಸಾಹೇಬ್ರ.”

ಎರಡೂ ಓದುತ್ತಾರೆ. ಆಮೇಲೆ ಪೆನ್ನು ಕೇಳಿ ಸಹಿ ಹಾಕುತ್ತಾರೆ.